ಎರಡು ಸಲ ಬರೆದ ಹೆಸರು

ನಮ್ಮ ಸಲ್ಚೇನಿ ಊರಿನ ಚರ್ಚಿನಲ್ಲಿ ಹೆಸರುಗಳನ್ನು ಓದುವವನು ನಾನು. ಹಾಡುವುದೂ ನನ್ನದೇ ಕೆಲಸ. ಆದರೆ ಹಾಡನ್ನು ಯಾರಾದರೂ ಹಾಡಿಯಾರು, ಹೆಸರುಗಳನ್ನು ತಪ್ಪಿಲ್ಲದೆ ಓದಲು ಇಡೀ ಊರು ಗೊತ್ತಿರಬೇಕು. ಶನಿವಾರ ಹೆಂಗಸರು ಮಡಿಸಿದ ಕಾಗದ ತರುತ್ತಾರೆ. ಮೇಲೊಂದು ಶಿಲುಬೆ, ಎಡಗಡೆ ಬದುಕಿದ್ದವರು, ಬಲಗಡೆ ತೀರಿಕೊಂಡವರು. ಮನೆತನದ ಹೆಸರು ಬರೆಯುವುದಿಲ್ಲ, ದೇವರಿಗೆ ಅದು ಬೇಕಿಲ್ಲ. ಪಾದ್ರಿ ಇರಿಮಿಯಾ ಅವರ ಕಣ್ಣು ಮಂಜಾದ ಮೇಲೆ ಎಲ್ಲ ಪಟ್ಟಿಗಳೂ ನನ್ನ ಬಾಯಿಂದಲೇ ಹೋಗುತ್ತವೆ. ಊರವರು ನನ್ನನ್ನು ಮೇಷ್ಟ್ರೇ ಎನ್ನುತ್ತಾರೆ. ನಾನು ಯಾರಿಗೂ ಏನೂ ಕಲಿಸಿದವನಲ್ಲ.

ಆ ಕಾಗದಗಳ ರಾಶಿಯಲ್ಲಿ ಗ್ಲಿಕೇರಿಯಾಳದು ಕಣ್ಣಿಗೆ ಹಿತವಾಗಿರುತ್ತಿತ್ತು. ದುಂಡನೆಯ ಅಕ್ಷರ, ಒಂದರ ಕೆಳಗೊಂದು, ತೋಟದಲ್ಲಿ ಬಳ್ಳಿ ಕಟ್ಟಿದ ಹಾಗೆ ಸಾಲು. ದ್ರಾಕ್ಷಿತೋಟದಲ್ಲಿ ಮೂವತ್ತು ವರ್ಷ ಬಳ್ಳಿ ಕಟ್ಟಿದ ಕೈ ಅದು. ಗಂಡ ಟ್ರೋಫಿಮ್ ಟ್ರಾಕ್ಟರಿನ ಅಡಿಗೆ ಸಿಕ್ಕಿ ಸತ್ತಾಗ ಮಗ ವಸೀಲೆಗೆ ಹದಿನಾಲ್ಕು, ಮಗಳು ಅಕ್ಸೀನಿಯಾಗೆ ಹನ್ನೆರಡು. ಇಬ್ಬರನ್ನೂ ಒಬ್ಬಳೇ ಸಾಕಿದಳು. ಕೈ ಚಾಚಲಿಲ್ಲ, ಅಳಲೂ ಇಲ್ಲ. ಅವಳು ನಕ್ಕದ್ದನ್ನು ಕಂಡವರೂ ಕಡಿಮೆ.

ಪಟ್ಟಿಯ ಬಲಗಡೆ ಅವಳು ಬರೆಯುತ್ತಿದ್ದದ್ದು: ಟ್ರೋಫಿಮ್, ಅಪ್ಪ ಗಾವ್ರಿಲ್, ಅತ್ತೆ ಅಕ್ಸೀನಿಯಾ. ಮಗಳಿಗೆ ಅಜ್ಜಿಯ ಹೆಸರನ್ನೇ ಇಟ್ಟಿದ್ದರು. ಒಂಬತ್ತು ವರ್ಷ ಕಾಲ ಆ ಬಲಸಾಲಿನ ಕೊನೆಗೆ ಅದೇ ಹೆಸರು ಇನ್ನೊಮ್ಮೆ ಇರುತ್ತಿತ್ತು. ಅಕ್ಸೀನಿಯಾ. ಅದೇ ದುಂಡನೆಯ ಅಕ್ಷರ, ಒಂದು ಚೂರೂ ನಡುಕವಿಲ್ಲ. ನಾನು ಎರಡು ಸಲ ಓದುತ್ತಿದ್ದೆ.

ಎರಡನೆಯ ಅಕ್ಸೀನಿಯಾ ಸತ್ತಿರಲಿಲ್ಲ. ನಮ್ಮ ದೇಶದ ಗಡಿಯಾದ ಪ್ರುತ್ ನದಿಯ ಆಚೆ, ರುಮೇನಿಯಾದ ಗುಡ್ಡಗಳ ನಡುವೆ, ಪೊಯಾನ ಎಂಬ ಹೆಣ್ಣುಮಠದಲ್ಲಿ ಇದ್ದಳು. ಅದು ನನಗೂ ಗೊತ್ತಿತ್ತು, ಪಾದ್ರಿಗೂ ಗೊತ್ತಿತ್ತು, ಚರ್ಚಿನ ಕಲ್ಲುಹಾಸಿನ ಮೇಲೆ ನಿಂತಿರುತ್ತಿದ್ದ ಪ್ರತಿಯೊಬ್ಬರಿಗೂ ಗೊತ್ತಿತ್ತು.

ತೊಂಬತ್ತನಾಲ್ಕರ ಶರತ್ಕಾಲದಲ್ಲಿ ಅಕ್ಸೀನಿಯಾಗೆ ಇಪ್ಪತ್ತು ತುಂಬಿತ್ತು. ವೈನ್ ಕಾರ್ಖಾನೆಯ ಮೇಲಧಿಕಾರಿಯ ಮಗನ ಜೊತೆ ಮದುವೆ ಗೊತ್ತಾಗಿತ್ತು. ಹುಡುಗ ಕೆಟ್ಟವನಲ್ಲ, ಆದರೆ ಮಾತಾಡುವಾಗ ಎದುರಿಗಿದ್ದವರನ್ನು ನೋಡುತ್ತಿರಲಿಲ್ಲ. ತನಗೆ ಬೇಡ ಎಂದು ಹುಡುಗಿ ಅಮ್ಮನಿಗೆ ಹೇಳಿದಳು. ಪಾದ್ರಿಯ ಹೆಂಡತಿಗೆ ಹೇಳಿದಳು, ನಮ್ಮಲ್ಲಿ ಪಾದ್ರಿಗಳೂ ಸಂಸಾರಸ್ಥರು. ಒಂದು ಭಾನುವಾರ ನನ್ನ ಹೆಂಡತಿಯ ಹತ್ತಿರವೂ ಹೇಳಿದಳಂತೆ. ನನ್ನ ಹೆಂಡತಿ, "ಎಲ್ಲಾರೂ ಮೊದಲು ಹಂಗೇ ಅಂತಾರೆ ಕಣಮ್ಮ, ಆಮೇಲೆ ಸರಿಹೋಗುತ್ತೆ" ಎಂದು ಕಳಿಸಿದ್ದಳು.

ಗಡಿ ತೆರೆದು ಆಗಿನ್ನೂ ಹೆಚ್ಚು ಕಾಲವಾಗಿರಲಿಲ್ಲ. ನಲವತ್ತೈದು ವರ್ಷ ಮುಳ್ಳುತಂತಿಯ ಈಚೆಗೆ ನಿಂತು ನೋಡಿದ ದಡಕ್ಕೆ ಬೆಳಿಗ್ಗೆ ಹೋಗಿ ಸಂಜೆ ಬರುವುದೆಂದರೆ ನಮಗೆ ಹಬ್ಬ. ಪಾದ್ರಿ ಬಸ್ಸು ಗೊತ್ತುಮಾಡುತ್ತಿದ್ದರು. ಯಾಶ್ ಪಟ್ಟಣದಲ್ಲಿ ಸಂತಳ ಅಸ್ಥಿ ಇಟ್ಟ ಪೆಟ್ಟಿಗೆ ಮುಟ್ಟಿ ನಮಸ್ಕರಿಸಿ, ನ್ಯಾಮ್ತ್ಸ್ ಮಠ ನೋಡಿ, ಪೊಯಾನದಲ್ಲಿ ಸಂಜೆಯ ಪ್ರಾರ್ಥನೆ ಕೇಳಿ ವಾಪಸು. ಮದುವೆಗೆ ಎಂಟು ದಿನ ಇರುವಾಗ ಅಂಥದೊಂದು ಬಸ್ಸು ಹೊರಟಿತು. ಮದುಮಗಳಿಗೆ ಸಂತಳ ಆಶೀರ್ವಾದ ಆಗಲಿ ಎಂದು ಗ್ಲಿಕೇರಿಯಾಳೇ ಮಗಳನ್ನು ಕೈಹಿಡಿದು ಹತ್ತಿಸಿದಳು. ಕಿಟಕಿ ಪಕ್ಕದ ಸೀಟು ಕೊಡಿಸಿದಳು.

ಪೊಯಾನದಲ್ಲಿ ಎಲ್ಲರೂ ಬಸ್ಸಿಗೆ ಹಿಂದಿರುಗಿದರು, ಅವಳು ಬರಲಿಲ್ಲ. ಎರಡು ಗಂಟೆ ಕಾದೆವು. ಕೊನೆಗೆ ಮಠದ ಹಿರಿಯ ತಾಯಿ ಹೊರಗೆ ಬಂದು, ಹುಡುಗಿ ವಯಸ್ಸಿಗೆ ಬಂದವಳು, ಇಲ್ಲೇ ಉಳಿಯುತ್ತೇನೆ ಎಂದು ಕೇಳಿಕೊಂಡಿದ್ದಾಳೆ, ನಾನು ನೂಕಿ ಕಳಿಸಲಾರೆ ಎಂದರು. ಮರದ ಮೊಗಸಾಲೆಯ ಮೇಲೆ ಅಕ್ಸೀನಿಯಾ ನಿಂತಿದ್ದಳು.

ಗ್ಲಿಕೇರಿಯಾ ಅಂಗಳದ ನಡುವೆ ನಿಂತು ಕೂಗಿದಳು: "ಇಳಿದು ಬಾ!"

"ಬಸ್ಸು ಕಾಯ್ತಿದೆ, ನೀನು ಹೋಗಮ್ಮ."

"ಇಳಿದು ಬರ್ತೀಯೋ ಇಲ್ವೋ?"

"ಬೇಡ ಅಂತ ಎಷ್ಟು ಸಲ ಹೇಳಿದೆ ನಿಂಗೆ?"

"ಹಾಗಾದ್ರೆ ನನ್ನ ಪಾಲಿಗೆ ಸತ್ತೆ ನೀನು. ಕೇಳಿಸ್ತಾ? ಸತ್ತೆ!"

ಸಿಟ್ಟಿನಲ್ಲಿ ಯಾರು ಏನೆಲ್ಲ ಅನ್ನುವುದಿಲ್ಲ. ಊರಿಗೆ ಬಂದ ಮೇಲೆ ಆರುತ್ತದೆ ಅಂದುಕೊಂಡೆವು. ಆದರೆ ಗ್ಲಿಕೇರಿಯಾ ಆಡಿದ ಮಾತನ್ನು ಬೇಯಿಸಿ ಬಡಿಸುವವಳು. ಮದುವೆಗೆಂದು ಕೊಬ್ಬಿಸಿದ್ದ ಹಂದಿ ಇತ್ತು, ಹೊಸ ವೈನು ಇತ್ತು. ಮದುವೆ ಆಗಬೇಕಿದ್ದ ದಿನವೇ ಅಂಗಳದಲ್ಲಿ ಉದ್ದಕ್ಕೆ ಮೇಜು ಹಾಕಿಸಿ ಊರನ್ನೆಲ್ಲ ಸತ್ತವರ ಊಟಕ್ಕೆ ಕರೆದಳು. ಕೋಸಿನೆಲೆಯಲ್ಲಿ ಮಾಂಸ ಸುತ್ತಿ ಬೇಯಿಸಿದ್ದಳು. ಸತ್ತವರ ಹೆಸರಿಗೆ ಮಾಡುವ ಗೋಧಿಯ ಸಿಹಿ ಮಾಡಿ ಅದರ ಮೇಲೆ ಸಕ್ಕರೆಯಲ್ಲಿ ಶಿಲುಬೆ ಬಿಡಿಸಿದ್ದಳು. ಊಟವಾದ ಮೇಲೆ ವಾಡಿಕೆಯಂತೆ ಬಂದವರಿಗೆಲ್ಲ ಮೇಣದಬತ್ತಿ ಸಿಕ್ಕಿಸಿದ ರೊಟ್ಟಿ, ಒಂದೊಂದು ಕೈವಸ್ತ್ರ. ಕೈವಸ್ತ್ರಗಳು ಅಕ್ಸೀನಿಯಾಳವು. ನಾಲ್ಕು ಚಳಿಗಾಲ ಮಗ್ಗದ ಮುಂದೆ ಕೂತು ತನ್ನ ಮದುವೆಗೆ ತಾನೇ ನೇಯ್ದುಕೊಂಡವು.

ಯಾರಾದರೂ ಒಬ್ಬರು ಎದ್ದು ಹೋಗಬೇಕಿತ್ತು. ಯಾರೂ ಹೋಗಲಿಲ್ಲ. ಹಂದಿ ಚೆನ್ನಾಗಿ ಬೆಂದಿತ್ತು. ಲೋಟ ಎತ್ತುವಾಗ ವಾಡಿಕೆಯ ಮಾತನ್ನೂ ಆಡಿದೆವು: ದೇವರು ಅವಳ ಆತ್ಮವನ್ನು ಕ್ಷಮಿಸಲಿ.

ಮುಂದಿನ ಶನಿವಾರ ಪಟ್ಟಿ ಬಂತು. ನಾನು ಅದನ್ನು ಪಾದ್ರಿಯ ಮುಂದೆ ಹಿಡಿದೆ.

"ಗುರುಗಳೇ, ಗ್ಲಿಕೇರಿಯಾ ಅಕ್ಸೀನಿಯಾ ಅಂತ ಬರೆದಿದ್ದಾಳೆ. ಬಲಗಡೆ."

"ಅವಳ ಅತ್ತೆ ಹೆಸರು ಅದೇ ಅಲ್ವೇನಯ್ಯಾ? ಓದು."

"ಎರಡು ಸಲ ಬರೆದಿದ್ದಾಳೆ."

ಪಾದ್ರಿ ಧೂಪದ ಕೆಂಡ ಊದುತ್ತಿದ್ದರು. ತಲೆ ಎತ್ತಲಿಲ್ಲ. "ಎರಡು ಸಲ ಓದು."

ಓದಿದೆ. ಮೊದಲ ಸಲ ಹೆಂಗಸರ ಕಡೆಯಿಂದ ಯಾರೋ ಉಸಿರೆಳೆದುಕೊಂಡ ಸದ್ದಾಯಿತು. ಮೂರನೆಯ ವಾರಕ್ಕೆ ಅದೂ ಇಲ್ಲ.

ಹೀಗೆ ಒಂಬತ್ತು ವರ್ಷ. ವಸೀಲೆಗೆ ಮದುವೆಯಾಯಿತು. ಸೊಸೆ ಲೀದಿಯಾ ಬಂದಳು, ಮೊಮ್ಮಗು ಬಂತು. ಎಡಸಾಲು ಬೆಳೆಯಿತು. ಬಲಸಾಲಿನ ಕೊನೆಯ ಹೆಸರು ಕದಲಲಿಲ್ಲ.

ಅದನ್ನು ಕದಲಿಸಿದ್ದು ಡೋಕಿಯಾ. ಗ್ಲಿಕೇರಿಯಾಳ ಪಕ್ಕದ ಮನೆಯವಳು, ಬಾಯಿಗೆ ಬೀಗವಿಲ್ಲದವಳು. ಎರಡು ಸಾವಿರದ ಮೂರರ ಮಾರ್ಚಿನಲ್ಲಿ ಮಠಗಳ ಪ್ರವಾಸ ಮುಗಿಸಿ ಬಂದವಳು ಬೇಲಿಯ ಮೇಲಿಂದಲೇ ಕೂಗಿ ಹೇಳಿದಳಂತೆ: "ನಿನ್ನ ಮಗಳನ್ನ ದೂರದಿಂದ ನೋಡ್ದೆ ಕಣೇ. ಬಟ್ಟೆ ಒಳಗೆ ಆಳೇ ಇಲ್ಲ, ಬರೀ ಮೂಳೆ. ಕಂಬ ಹಿಡ್ಕೊಂಡು ಕೆಮ್ತಿದ್ಲು. ನೀನು ಬರೆದಿದ್ದು ಕೆಲಸ ಮಾಡ್ತಿದೆ."

ಬದುಕಿರುವವರ ಹೆಸರನ್ನು ಸತ್ತವರ ಸಾಲಿನಲ್ಲಿ ಓದಿಸಿದರೆ ಆ ಜೀವ ಒಣಗುತ್ತದೆ ಎಂದು ನಮ್ಮ ಕಡೆ ನಂಬುತ್ತಾರೆ. ಗ್ಲಿಕೇರಿಯಾಗೂ ಅದು ಗೊತ್ತಿದ್ದದ್ದೇ. ಅವಳು ಬರೆದದ್ದು ಮಗಳನ್ನು ಕೊಲ್ಲಲೆಂದಲ್ಲ, ಸತ್ತಿದ್ದಾಳೆ ಎಂದು ತನ್ನನ್ನು ತಾನು ನಂಬಿಸಿಕೊಳ್ಳಲು. ಈ ಎರಡರ ನಡುವೆ ದೇವರು ವ್ಯತ್ಯಾಸ ಕಾಣುತ್ತಾನೋ ಇಲ್ಲವೋ ಎಂಬುದು ಅವಳನ್ನು ಹಿಡಿದುಕೊಂಡಿತು.

ಆ ಶನಿವಾರ ಪಟ್ಟಿಯಲ್ಲಿ ಅಕ್ಸೀನಿಯಾ ಒಂದೇ ಸಲ ಇತ್ತು. ಪ್ರಾರ್ಥನೆ ಮುಗಿದ ಮೇಲೆ ಅವಳು ಚರ್ಚಿನ ಹಿಂದಿನ ಅಕ್ರೋಟು ಮರದಡಿ ನನಗಾಗಿ ನಿಂತಿದ್ದಳು.

"ಮೇಷ್ಟ್ರೇ, ನೀವು ಓದಿದ್ದು ಅಲ್ಲಿಗೆ ತಲುಪುತ್ತಾ?"

"ದೇವರು ಗುಮಾಸ್ತ ಅಲ್ಲ ಗ್ಲಿಕೇರಕ್ಕ. ಬರೆದಿದ್ದಕ್ಕೆಲ್ಲ ಮುದ್ರೆ ಒತ್ತಿ ಕಳಿಸ್ತಾ ಕೂತಿರಲ್ಲ."

"ಹಾಗಾದ್ರೆ ಟ್ರೋಫಿಮ್‌ಗೆ ಓದಿದ್ದೂ ತಲುಪಿಲ್ವಾ?"

ನಾನು ಕೈಲಿದ್ದ ಪುಸ್ತಕವನ್ನು ಕಂಕುಳಿಗೆ ಸಿಕ್ಕಿಸಿಕೊಂಡೆ.

"ಒಂದು ತಲುಪಿದ್ರೆ ಇನ್ನೊಂದೂ ತಲುಪಿರುತ್ತೆ" ಎಂದು ಅವಳೇ ಉತ್ತರ ಹೇಳಿಕೊಂಡು ಹೊರಟುಹೋದಳು.

ಹಾಗೆ ಓದಿಸಿದ್ದನ್ನು ಹಿಂದೆ ತೆಗೆಯಲು ಒಂದೇ ದಾರಿ ಎಂದು ಮುದುಕಿಯರು ಹೇಳುತ್ತಾರೆ: ಒಂಬತ್ತು ಚರ್ಚುಗಳಲ್ಲಿ ಅದೇ ಹೆಸರನ್ನು ಬದುಕಿದ್ದವರ ಸಾಲಿನಲ್ಲಿ ಓದಿಸಬೇಕು. ಗ್ಲಿಕೇರಿಯಾ ಈಸ್ಟರ್ ಕಳೆದ ಮೇಲೆ ಶುರುಮಾಡಿದಳು. ಸುತ್ತಲಿನ ಆರು ಹಳ್ಳಿಗಳಿಗೆ ನಡೆದೇ ಹೋದಳು, ಅರವತ್ತೊಂದನೆಯ ವಯಸ್ಸಿನಲ್ಲಿ, ನೋಯುವ ಮೊಣಕಾಲಿಗೆ ಕೋಸಿನೆಲೆ ಕಟ್ಟಿಕೊಂಡು. ಉಳಿದ ಮೂರನ್ನು ನದಿಯ ಆಚೆ ಮುಗಿಸುತ್ತೇನೆ ಎಂದಳು. ಕೊನೆಯದು ಪೊಯಾನ. ಅಲ್ಲಿ ಮಗಳನ್ನು ಕಂಡು ಕ್ಷಮೆ ಕೇಳುವುದು. ಬಾಯಿಬಿಟ್ಟು ಯಾರಿಗೂ ಹೇಳಲಿಲ್ಲ. ಆದರೆ ಅಕ್ಟೋಬರಿನ ಆ ಬೆಳಿಗ್ಗೆ ಡ್ರೈವರ್ ಪಾಂಟೆಲಿಯ ಬಸ್ಸಿಗೆ ಅವಳು ಹೊಸ ತಲೆವಸ್ತ್ರ ಕಟ್ಟಿಕೊಂಡು ಹತ್ತಿದಾಗ ಬಸ್ಸಿನಲ್ಲಿದ್ದ ಮೂವತ್ತು ಜನಕ್ಕೂ ಗೊತ್ತಾಯಿತು.

ಸೇತುವೆಯ ಬಳಿ ಎಂದಿನಂತೆ ತಪಾಸಣೆ. ನಮ್ಮ ಕಡೆ ಸಿಗರೇಟು ಅಗ್ಗ, ಆಚೆ ದುಬಾರಿ. ದೇವರ ದರ್ಶನಕ್ಕೆ ಹೋಗುವ ಹೆಂಗಸರ ಲಂಗದ ಕೆಳಗೆ ಹತ್ತಾರು ಪ್ಯಾಕು ಇಲ್ಲದೆ ಯಾವ ಬಸ್ಸೂ ಪ್ರುತ್ ದಾಟಿಲ್ಲ. ಆಚೆಯ ಸುಂಕದ ಹುಡುಗ ಡೋಕಿಯಾಳ ಕಾಲು ನೋಡಿದ.

"ಏನಜ್ಜಿ, ಕಾಲು ಊದಿದೆ?"

"ವಾತ ಕಣಪ್ಪ. ಅದಕ್ಕೇ ಸಂತಳ ಹತ್ರ ಹೊರಟಿದ್ದೀನಿ."

"ಚೌಕಾಕಾರದ ವಾತ ಇವತ್ತೇ ನೋಡಿದ್ದು."

"ನಿಂಗೂ ಈ ವಯಸ್ಸು ಬರುತ್ತೆ, ಆಗ ತ್ರಿಕೋನದ್ದು ಬರುತ್ತೋ ಏನೋ, ಯಾರು ಕಂಡಿದಾರೆ."

ಬಸ್ಸಿಗೆ ಬಸ್ಸೇ ನಕ್ಕಿತು. ಹುಡುಗನೂ ನಕ್ಕು ಪಾಸ್‌ಪೋರ್ಟುಗಳನ್ನು ವಾಪಸು ಕೊಟ್ಟ. "ಹೋಗಿ. ನನ್ನ ಹೆಸರಲ್ಲೂ ಒಂದು ಬತ್ತಿ ಹಚ್ಚಿ. ದೋರಿನ್ ಅಂತ." ಗ್ಲಿಕೇರಿಯಾಳ ಕೈಯಲ್ಲಿ ಪೆನ್ಸಿಲ್ ಕಂಡು, "ಬದುಕಿರೋರ ಕಡೆ ಬರ್ಕೊಳ್ಳಿ ಅಮ್ಮ, ಅಪ್ಪಿತಪ್ಪಿ ಆ ಕಡೆ ಹಾಕ್ಬಿಟ್ಟೀರಿ" ಅಂದ.

ನಗು ನಿಂತುಹೋಯಿತು. ಏನು ತಪ್ಪು ಮಾತಾಡಿದೆನೆಂದು ಹುಡುಗ ನಮ್ಮ ಮುಖಗಳನ್ನು ನೋಡುತ್ತ ನಿಂತ. ಗ್ಲಿಕೇರಿಯಾ ಎಡಗಡೆ, ದುಂಡಗೆ, ದೋರಿನ್ ಎಂದು ಬರೆದುಕೊಂಡಳು.

ಯಾಶ್‌ನಲ್ಲಿ ಏಳನೆಯ ಪಟ್ಟಿ ಕೊಟ್ಟಳು. ನ್ಯಾಮ್ತ್ಸ್‌ನಲ್ಲಿ ಎಂಟನೆಯದು. ಅಲ್ಲಿ ಮೇಣದಬತ್ತಿ ಹಚ್ಚುವ ತಗಡಿನ ಗೂಡಿಗೆ ಎರಡು ಅಂತಸ್ತು, ಮೇಲೆ ಬದುಕಿದ್ದವರಿಗೆ, ಕೆಳಗೆ ಸತ್ತವರಿಗೆ. ಗಾಳಿಗೆ ಅವಳ ಬತ್ತಿ ಆರಿತು. ಮತ್ತೆ ಹಚ್ಚಿದಳು. ಮತ್ತೆ ಆರಿತು. ಮೂರನೆಯ ಸಲ ಹಚ್ಚಿ ಅದು ಬೆರಳಿನುದ್ದ ಉರಿದು ಇಳಿಯುವವರೆಗೂ ಎರಡೂ ಅಂಗೈ ಅಡ್ಡ ಹಿಡಿದು ನಿಂತಳು. ಪಾಂಟೆಲಿ ಹಾರನ್ ಒತ್ತಿದ. ಅವಳು ಕದಲಲಿಲ್ಲ. ಆ ಹೊತ್ತಿನಲ್ಲಿ ಅವಳ ಮುಖದಲ್ಲಿ, ಹಿಂದೊಮ್ಮೆ ಜ್ವರ ಬಂದು ಮಲಗಿದ್ದ ಹನ್ನೆರಡು ವರ್ಷದ ಮಗಳ ಹಾಸಿಗೆಯ ಪಕ್ಕ ಕೂತಿದ್ದ ಟ್ರೋಫಿಮನ ವಿಧವೆ ನನಗೆ ಕಂಡಳು.

ಪೊಯಾನ ತಲುಪಿದಾಗ ನಾಲ್ಕು ಗಂಟೆ. "ಮುಕ್ಕಾಲು ಗಂಟೆ ಅಷ್ಟೇ! ಈ ಸಲ ಯಾರನ್ನೂ ಕಾಯಲ್ಲ" ಎಂದು ಪಾಂಟೆಲಿ ಕೂಗಿ ತಕ್ಷಣ ತುಟಿ ಕಚ್ಚಿಕೊಂಡ. ಕಾಡು ಹಳದಿಯಾಗಿತ್ತು. ಅಂಗಳದಲ್ಲಿ ಸೇವಂತಿಗೆ ಬಿಟ್ಟಿತ್ತು. ಗ್ಲಿಕೇರಿಯಾ ನನ್ನ ತೋಳು ಹಿಡಿದುಕೊಂಡಳು. "ನೀವೂ ಬನ್ನಿ ಮೇಷ್ಟ್ರೇ. ಓದಿದವರು ನೀವೇ ಅಲ್ವಾ."

ಮೇಣದಬತ್ತಿ ಮಾರುವ ಕಿಟಕಿಯ ಹಿಂದೆ ಎಳೆಯ ಸನ್ಯಾಸಿನಿಯೊಬ್ಬಳು ಕೂತಿದ್ದಳು. ಪಟ್ಟಿ ತೆಗೆದುಕೊಂಡಳು.

"ಈ ಅಕ್ಸೀನಿಯಾ ಅನ್ನೋಳು ಇಲ್ಲೇ ಇದ್ದಾಳಮ್ಮ. ಕೂಗ್ತೀಯಾ? ಊರಿಂದ ಬಂದಿದಾರೆ ಅನ್ನು."

"ಆ ಹೆಸರಿನವರು ನಮ್ಮಲ್ಲಿ ಯಾರೂ ಇಲ್ಲ ಅಜ್ಜಿ."

ನನ್ನ ತೋಳಿನ ಮೇಲಿದ್ದ ಕೈ ಬಿಗಿಯಾಯಿತು. ನಾನೇ ಮುಂದೆ ಬಾಗಿ ಹೇಳಿದೆ: "ಸಲ್ಚೇನಿಯವಳು. ತೊಂಬತ್ತನಾಲ್ಕರಲ್ಲಿ ಬಸ್ಸಿಂದ ಇಳಿದು ಉಳಿದುಕೊಂಡವಳು."

"ಅಯ್ಯೋ, ರೊಟ್ಟಿಮನೆಯ ತಾಯಿನಾ! ಅವರಿಗೆ ದೀಕ್ಷೆ ಆಗಿ ಆರು ವರ್ಷ ಆಯ್ತಲ್ಲ. ಕೂದಲು ಕತ್ತರಿಸಿದ ದಿನವೇ ಹಳೇ ಹೆಸರೂ ಹೋಯ್ತು. ಇರಿ, ಕರೀತೀನಿ." ಅವಳು ಎದ್ದು ಓಡಿದಳು.

ಸನ್ಯಾಸ ಕೊಡುವಾಗ ಹೆಸರು ಬದಲಾಗುತ್ತದೆ ಎಂಬುದು ನಮಗೆ ಗೊತ್ತಿಲ್ಲದ್ದಲ್ಲ. ಮಕ್ಕಳಿಗೂ ಗೊತ್ತು. ಆದರೆ ಗ್ಲಿಕೇರಿಯಾಗೆ ಅವಳು ಅಕ್ಸೀನಿಯಾ. ಹೆತ್ತವಳು ಕೂಗಿದ ಹೆಸರು ಬಿಟ್ಟು ಮಗಳು ಬೇರೆ ಎಲ್ಲಿಗೆ ಹೋದಾಳು ಎಂದುಕೊಂಡಿದ್ದಳೋ ಏನೋ.

"ಹಾಗಾದ್ರೆ ಎಂಟು ಚರ್ಚಲ್ಲಿ ನಾನು ಓದಿಸಿದ್ದು ಯಾರ ಹೆಸರು?" ಎಂದಳು.

ಹಿಂದೆಯೇ ನಿಂತಿದ್ದ ಡೋಕಿಯಾ ಬಿಟ್ಟಾಳೆಯೇ. "ನಿಮ್ಮತ್ತೆದು! ಸತ್ತು ಮೂವತ್ತು ವರ್ಷ ಆದ್ಮೇಲೆ ಬದುಕಿರೋರ ಸಾಲಿಗೆ ಬಂದ್ಲು ಮುದುಕಿ, ಎದ್ದು ಬಂದಾಳು ಜೋಪಾನ" ಎಂದು ನಕ್ಕಳು. ಆಮೇಲೆ ಗೆಳತಿಯ ಮುಖ ಕಂಡು ದನಿ ತಗ್ಗಿಸಿದಳು: "ಹಾಗೆ ನೋಡಿದ್ರೆ ಕೆಟ್ಟದ್ದೂ ತಗುಲಿಲ್ಲ ಬಿಡು. ಆರು ವರ್ಷದಿಂದ ನಿನ್ನ ಗುರಿ ತಪ್ಪಿದೆ. ಒಳ್ಳೇದೇ ಆಯ್ತಲ್ಲ."

ರೊಟ್ಟಿಮನೆಯಿಂದ ಬಂದವಳು ತೆಳ್ಳಗಿರಲಿಲ್ಲ. ತುಂಬಿದ ಮೈ, ಒಲೆಯ ಶಾಖಕ್ಕೆ ಕೆಂಪಾದ ಕೆನ್ನೆ, ಮೊಣಕೈವರೆಗೆ ಹಿಟ್ಟು. ಕಪ್ಪು ಬಟ್ಟೆಯೊಳಗೆ ಗಟ್ಟಿಮುಟ್ಟಾದ ಇಪ್ಪತ್ತೊಂಬತ್ತರ ಹೆಂಗಸು. ಗ್ಲಿಕೇರಿಯಾಳ ಬಾಯಿಂದ ಒಂದು ಸದ್ದು ಹೊರಟಿತು, ಅಳುವೂ ಅಲ್ಲ, ನಗುವೂ ಅಲ್ಲ.

"ನಿನ್ನ ಕೆಮ್ಮು?" ಎಂದಳು.

"ನನಗೆಲ್ಲಿ ಕೆಮ್ಮು?"

"ಮಾರ್ಚಲ್ಲಿ ನೋಡಿದ್ರಂತೆ. ಕಂಬ ಹಿಡ್ಕೊಂಡು ಕೆಮ್ತಿದ್ದೆಯಂತೆ."

"ಅದು ತಾಯಿ ಎಫ್ರೋಸಿನಾ. ಮೇ ತಿಂಗಳಲ್ಲಿ ತೀರಿಕೊಂಡರು." ಅವಳು ಎದೆಯ ಮೇಲೆ ಶಿಲುಬೆಯ ಗುರುತು ಹಾಕಿಕೊಂಡಳು. "ಕೂತ್ಕೊಳ್ಳಿ ಅಮ್ಮ. ಕೂತ್ಕೊಳ್ಳಿ ಮೇಷ್ಟ್ರೇ."

ಹಿಂದೆ ಅಮ್ಮನನ್ನು ನೀನು ಎನ್ನುತ್ತಿದ್ದವಳು. ಮೊಗಸಾಲೆಯ ಬೆಂಚಿನ ಮೇಲೆ ನಮ್ಮನ್ನು ಕೂರಿಸಿ, ಯಾತ್ರಿಕರಿಗೆಲ್ಲ ಕೊಡುವ ಹಾಗೆ ಪುಟ್ಟ ತಟ್ಟೆಯಲ್ಲಿ ಚೆರ್ರಿ ಹಣ್ಣಿನ ಪಾಕ, ಒಂದೊಂದು ಲೋಟ ತಣ್ಣೀರು ತಂದಿಟ್ಟಳು. ವಸೀಲೆ ಹೇಗಿದ್ದಾನೆ ಎಂದು ಕೇಳಿದಳು. ಮಗು ಗಂಡೋ ಹೆಣ್ಣೋ ಕೇಳಿದಳು. ಬಾವಿಯ ಪಕ್ಕದ ಸೀಬೆ ಮರ ಇದೆಯೇ ಎಂದಳು. ಎಲ್ಲವೂ ಮರ್ಯಾದೆಯ ಪ್ರಶ್ನೆಗಳು. ಗ್ಲಿಕೇರಿಯಾ ಉತ್ತರ ಹೇಳುತ್ತ ಹೋದಳು, ಚಮಚ ಮುಟ್ಟಲಿಲ್ಲ.

ಆಮೇಲೆ ಮಗಳು ನನ್ನ ಕಡೆ ತಿರುಗಿದಳು.

"ನನ್ನ ಕೈವಸ್ತ್ರಗಳನ್ನ ಹಂಚಿದ್ರಂತಲ್ಲ ಮೇಷ್ಟ್ರೇ. ನಿಮಗೆ ಯಾವುದು ಬಂತು?"

"ಹುಂಜದ ಚಿತ್ರದ್ದು" ಎಂದೆ. ಸುಳ್ಳು ಹೇಳಲು ನಾಲಿಗೆ ಹೊರಳಲಿಲ್ಲ.

"ಅದರ ಅಂಚು ತಪ್ಪಿತ್ತು. ಒಂದು ಕಡೆ ಕೆಂಪು ದಾರ ಸಾಲದೆ ಕಪ್ಪು ಹಾಕಿದ್ದೆ. ಊಟ ಚೆನ್ನಾಗಿತ್ತಾ?"

ಗ್ಲಿಕೇರಿಯಾ ಬೆಂಚಿನಿಂದ ಇಳಿದು ಹಲಗೆಯ ನೆಲಕ್ಕೆ ಮಂಡಿಯೂರಿ ಹಣೆ ಮುಟ್ಟಿಸಿದಳು. ಕ್ಷಮೆ ಕೇಳುವಾಗ ನಮ್ಮಲ್ಲಿ ಹಾಗೆ ಮಾಡುತ್ತಾರೆ. ಆದರೆ ಅಮ್ಮ ಮಗಳಿಗೆ ಮಾಡಿದ್ದನ್ನು ನಾನು ಕಂಡದ್ದು ಅದೊಂದೇ ಸಲ.

"ಏಳಿ ಅಮ್ಮ, ಜನ ನೋಡ್ತಾರೆ. ದೇವರು ಕ್ಷಮಿಸ್ತಾನೆ, ಏಳಿ."

"ದೇವರನ್ನ ಕೇಳ್ಲಿಲ್ಲ. ನಿನ್ನ ಕೇಳಿದೆ."

ಮಗಳು ಅಮ್ಮನ ಕಂಕುಳಿಗೆ ಕೈಹಾಕಿ ಎಬ್ಬಿಸಿ ಕೂರಿಸಿದಳು. ಅಮ್ಮನ ಬಟ್ಟೆಯ ಮೇಲೆಲ್ಲ ಹಿಟ್ಟಿನ ಗುರುತು. ಮಾತಾಡಿದಾಗ ಅವಳ ದನಿಯಲ್ಲಿದ್ದ ಮರ್ಯಾದೆ ಕಳಚಿಬಿದ್ದಿತ್ತು.

"ನಂಗೆ ಬರ್ತಿಲ್ಲ ಅಮ್ಮ. ಪ್ರತಿ ದಿನ ಪ್ರಯತ್ನ ಪಡ್ತೀನಿ. ತಪ್ಪೊಪ್ಪಿಗೆಗೆ ಹೋದಾಗೆಲ್ಲ ಇದೊಂದೇ ಹೇಳೋದು. ಆ ಗುರುಗಳಿಗೂ ಕೇಳಿ ಕೇಳಿ ಬೇಜಾರು ಬಂದಿದೆ. ಬರ್ತಿಲ್ಲ. ಬಾಯಲ್ಲಿ ಹೇಳಿ ಕಳಿಸ್ಬಹುದು ನಿನ್ನ. ಸುಳ್ಳಾಗುತ್ತೆ."

"ಹೆಸರಾದ್ರೂ ಹೇಳು. ಹೊಸ ಹೆಸರು. ಬರೆದು ಓದಿಸ್ತೀನಿ."

"ಯಾವ ಕಡೆ?"

ಗ್ಲಿಕೇರಿಯಾ ಕಿಸೆಯ ಪೆನ್ಸಿಲಿಗೆ ಕೈಹಾಕಿದಳು.

"ಬರೀಬೇಡ. ಈ ಕಡೇನೂ ಬೇಡ, ಆ ಕಡೇನೂ ಬೇಡ. ನಿನ್ನ ಕಾಗದದಲ್ಲಿ ನಾನಿರೋದೇ ಬೇಡ. ಅಷ್ಟು ಮಾಡು ಸಾಕು."

ಅಷ್ಟರಲ್ಲಿ ಅಂಗಳದ ಆಚೆಯಿಂದ ಯಾರೋ ಕೂಗಿದರು: "ತಾಯಿ ಪೆಲಾಗಿಯಾ! ರೊಟ್ಟಿ ಹೊತ್ತುತ್ತಿದೆ!" ಅವಳು ಒಂದು ಕ್ಷಣ ಅಮ್ಮನನ್ನು ನೋಡಿದಳು. ಹೆಸರು ಎಲ್ಲರಿಗೂ ಕೇಳಿಸಿತ್ತು. ತಟ್ಟೆ ಲೋಟಗಳನ್ನು ಎತ್ತಿಕೊಂಡು, ಮುಟ್ಟದ ಪಾಕವನ್ನೂ ಎತ್ತಿಕೊಂಡು, ಬೇಗ ಬೇಗ ನಡೆದುಹೋದಳು.

ಕಿಟಕಿಯ ಬಳಿ ಡೋಕಿಯಾ ಪೆನ್ಸಿಲ್ ಹಿಡಿದು ಕಾಯುತ್ತಿದ್ದಳು. "ಹೆಸರು ಸಿಕ್ತಲ್ಲೇ! ಪೆಲಾಗಿಯಾ ಅಂತ ತಿದ್ದು. ಒಂಬತ್ತನೇದು ಸರಿಯಾಗಿ ಮುಗಿಸು. ಅವಳಿಗೆ ಯಾರು ಹೇಳ್ತಾರೆ?"

ಗ್ಲಿಕೇರಿಯಾ ಕಿಟಕಿಯೊಳಗೆ ಕೈ ಚಾಚಿ ತಾನು ಕೊಟ್ಟಿದ್ದ ಕಾಗದವನ್ನು ವಾಪಸು ತೆಗೆದುಕೊಂಡಳು. ಇದ್ದದ್ದರಲ್ಲಿ ದೋರಿನ್ ಎಂಬ ಹೆಸರೊಂದನ್ನು ಬೇರೆ ಚೀಟಿಯಲ್ಲಿ ಬರೆದು ಸನ್ಯಾಸಿನಿಗೆ ಕೊಟ್ಟಳು. ಉಳಿದದ್ದನ್ನು ಹರಿದು, ಚೂರುಗಳನ್ನು ಕಿಸೆಗೆ ಹಾಕಿಕೊಂಡು ಬಸ್ಸಿಗೆ ನಡೆದಳು. ಅವಳೇ ಮೊದಲು ಹತ್ತಿದ್ದು.

ಅಂದಿನಿಂದ ಅವಳ ಪಟ್ಟಿಯಲ್ಲಿ ಮಗಳು ಯಾವ ಕಡೆಯೂ ಇಲ್ಲ. ಎಡಗಡೆ ವಸೀಲೆ, ಲೀದಿಯಾ, ಮೊಮ್ಮಗ ಪಾವೆಲ್. ಬಲಗಡೆ ಟ್ರೋಫಿಮ್, ಗಾವ್ರಿಲ್, ಅಕ್ಸೀನಿಯಾ ಒಂದೇ ಸಲ. ಓದುವಾಗ ನನ್ನ ಕಣ್ಣು ಪಾವೆಲ್ ಆದ ಮೇಲೆ ಒಂದಿಷ್ಟು ಕೆಳಗೆ ಇಳಿಯುತ್ತಿತ್ತು. ಅಲ್ಲಿ ಬರೀ ಕಾಗದ.

ನಾಲ್ಕು ವರ್ಷ ಹಾಗೇ ಓದಿದೆ. ಐದನೆಯ ವರ್ಷ, ಉಪವಾಸದ ಕಾಲದ ಒಂದು ಶನಿವಾರ ನನಗೆ ಏನಾಯಿತೋ ತಿಳಿಯದು. ಪೊಯಾನದಿಂದ ಬಂದ ಸುದ್ದಿಯಲ್ಲ, ಕನಸಲ್ಲ, ಯಾರೂ ಹೇಳಿಕೊಟ್ಟದ್ದಲ್ಲ. ಗ್ಲಿಕೇರಿಯಾ ಕಂಬಕ್ಕೆ ಒರಗಿ ನಿಂತಿದ್ದಳು. ಅವಳಿಗೆ ಆಗಲೇ ಕಾಲು ಸೋತಿತ್ತು. ವಸೀಲೆ, ಲೀದಿಯಾ, ಪಾವೆಲ್ ಎಂದು ಓದಿ, ಉಸಿರು ಎಳೆದುಕೊಂಡು, ಪೆಲಾಗಿಯಾ ಎಂದೆ. ಪಾದ್ರಿ ತಿರುಗಿ ನೋಡಲಿಲ್ಲ. ನನ್ನ ಎದೆ ಹಗುರವಾಯಿತು. ಒಂದು ಋಣ ತೀರಿಸಿದೆ ಅನ್ನಿಸಿತು ಎಂದು ಒಪ್ಪಿಕೊಳ್ಳಬೇಕು.

ಪ್ರಾರ್ಥನೆ ಮುಗಿದು ಜನ ಚದುರಿದ ಮೇಲೆ ಅವಳು ಹಾಡುಗಾರರ ಕಟ್ಟೆಗೆ ಬಂದಳು. ಕೋಲೂರಿ, ಒಂದೊಂದೇ ಮೆಟ್ಟಿಲು.

"ನನ್ನ ಪಟ್ಟಿ ಕೊಡಿ ಮೇಷ್ಟ್ರೇ."

ಕೊಟ್ಟೆ. ಬೆಳಕಿಗೆ ಹಿಡಿದು ನೋಡಿದಳು.

"ಇದರಲ್ಲಿಲ್ಲದ್ದು ಓದಿದ್ರಿ."

"ಒಳ್ಳೇದಕ್ಕೇ ಓದಿದೆ ಗ್ಲಿಕೇರಕ್ಕ. ಬದುಕಿರೋರ ಜೊತೆ ಓದಿದೆ."

"ಅವತ್ತು ಓದಬಾರದ್ದನ್ನ ನಾನು ಬರೆದು ತಂದೆ. ನೀವು ಓದಿದ್ರಿ. ಒಂಬತ್ತು ವರ್ಷ. ಒಂದೇ ಒಂದು ಶನಿವಾರ ಈ ಕಾಗದಾನ ನನ್ನ ಮುಖಕ್ಕೆ ಎಸೆದು, ಹೋಗೇ, ಇದನ್ನ ಓದಲ್ಲ ಅಂದಿದ್ರೆ? ಅಷ್ಟೂ ಜನದಲ್ಲಿ ಒಬ್ಬರಿಗಾದ್ರೂ ಬಾಯಿ ಬಂದಿದ್ರೆ?" ಅವಳ ದನಿ ಏರಲಿಲ್ಲ. "ನಾನು ಸಿಟ್ಟಲ್ಲಿದ್ದೆ. ನಿಮಗೇನಾಗಿತ್ತು?"

ನಾನು ಹಾಡಿನ ಪುಸ್ತಕ ಮುಚ್ಚಿಟ್ಟೆ.

"ಹುಟ್ಟಿದಾಗಿಂದ ಅವಳು ನನ್ನ ಕೇಳಿದ್ದು ಎರಡೇ. ಆ ಮದುವೆ ಬೇಡ ಅಂದ್ಲು, ನಾನು ಕೇಳಲಿಲ್ಲ. ಹೆಸರು ಬರೀಬೇಡ ಅಂದ್ಲು. ಇದೊಂದನ್ನ ನಡೆಸ್ತಿದ್ದೀನಿ. ಪ್ರತಿ ಶುಕ್ರವಾರ ಪೆನ್ಸಿಲ್ ಹಿಡಿದು ಕೂತಾಗ ಕೈ ತಾನೇ ಅಲ್ಲಿಗೆ ಹೋಗುತ್ತೆ. ಎಡಗೈಲಿ ಅದನ್ನ ಹಿಡ್ಕೋತೀನಿ. ಅವಳಿಗೆ ನಾನು ಕೊಡೋದು ಅಂತ ಇರೋದು ಇಷ್ಟೇ ಮೇಷ್ಟ್ರೇ. ಅದನ್ನೂ ಕಿತ್ಕೋಬೇಡಿ."

ಪಟ್ಟಿಯನ್ನು ಮೊದಲಿನ ಮಡಿಕೆಯಲ್ಲೇ ಮಡಿಸಿ ನನ್ನ ಕೈಗಿಟ್ಟಳು. "ನಾಳೆ ಮತ್ತೆ ಓದ್ಬೇಕಲ್ಲ. ಇರೋದನ್ನ ಮಾತ್ರ ಓದಿ" ಎಂದು ಹೇಳಿ ಮೆಟ್ಟಿಲು ಇಳಿಯತೊಡಗಿದಳು. ಕೈಹಿಡಿದು ಇಳಿಸಲೆಂದು ನಾನು ಎದ್ದೆ. ಬೇಡವೆಂದು ಕೋಲನ್ನು ಅಡ್ಡ ಹಿಡಿದಳು.